ಪಂಚೆಗೆ ನೀಲಿ

ಉಗುರು ಬೆಳೆಯುವುದನ್ನು ಯಾರೂ ಕೂತು ನೋಡುವುದಿಲ್ಲ. ತಲೆಗೂದಲಿಗೆ ಸಿಗುವ ಗೌರವದಲ್ಲಿ ಕಾಲು ಭಾಗವೂ ಅದಕ್ಕೆ ಸಿಕ್ಕಿಲ್ಲ. ನಾಲ್ಕು ಕೂದಲು ಉದುರಿದರೆ ಊರಿಗೆಲ್ಲ ಹೇಳಿಕೊಂಡು ಅಳುವ ನನ್ನಂಥವನು, ಉಗುರನ್ನು ಮಾತ್ರ ಭಾನುವಾರ ಬೆಳಿಗ್ಗೆ ಹಳೆಯ ಪೇಪರಿನ ಮೇಲೆ ಕತ್ತರಿಸಿ, ಮಡಿಚಿ, ಕಸಕ್ಕೆ ಹಾಕಿ ಮರೆತುಬಿಡುತ್ತಾನೆ. ಅಂಥ ನಾನು ಆ ಬೇಸಿಗೆಯಿಡೀ ನನ್ನ ಹತ್ತು ಉಗುರುಗಳ ಬೆಳವಣಿಗೆಯನ್ನು, ಗರ್ಭಿಣಿಯ ಮನೆಯವರು ದಿನ ಎಣಿಸುವ ಆಸ್ಥೆಯಿಂದ ಗಮನಿಸುತ್ತ ಕೂತಿದ್ದೆ ಎಂದರೆ ನೀವು ನಂಬಲಾರಿರಿ. ಗಮನಿಸಲು ಕಾರಣವಿತ್ತು, ಅವು ನೀಲಿಯಾಗಿದ್ದವು.

ನೀಲಿ ಎಂದರೆ ಬರೀ ನೀಲಿಯಲ್ಲ. ಹಿಂದೆ ನಮ್ಮಮ್ಮ ಬಿಳಿಬಟ್ಟೆಯ ಕೊನೆಯ ನೀರಿಗೆ ಒಂದು ಹನಿ ಬಿಡುತ್ತಿದ್ದ ನೀಲಿಯನ್ನು ಬಾಟಲಿಗಟ್ಟಲೆ ಸುರಿದುಕೊಂಡ ಹಾಗೆ. ಆಫೀಸಿನ ಮೀಟಿಂಗುಗಳೆಲ್ಲ ಆಗ ಕ್ಯಾಮೆರಾದಲ್ಲೇ ನಡೆಯುತ್ತಿದ್ದುದರಿಂದ, ಮಾತಾಡುವಾಗ ಕೈಯಾಡಿಸುವ ಅಭ್ಯಾಸವಿರುವ ನಾನು ತಿಂಗಳುಗಟ್ಟಲೆ ಮೇಜಿನ ಕೆಳಗೆ ಕೈ ಬಚ್ಚಿಟ್ಟುಕೊಂಡು ಗಂಭೀರ ವ್ಯಕ್ತಿಯೆಂಬ ಹೆಸರು ಗಳಿಸಿದೆ.

ಇದರ ಮೂಲಕ್ಕೆ ಹೋಗಬೇಕಾದರೆ ನನ್ನ ಹೆಂಡತಿಯಿಂದ ಶುರುಮಾಡಬೇಕು. ರತ್ನ ನರ್ಸು. ಡಬ್ಲಿನ್ನಿನ ಅಂಚಿನಲ್ಲಿ ನಾವಿರುವ ಬ್ಲಾಂಚರ್ಡ್ಸ್‌ಟೌನಿನಿಂದ ಒಂದು ಬಸ್ಸಿನ ದೂರದಲ್ಲಿ ಅವಳ ಆಸ್ಪತ್ರೆ. ಮೈಸೂರಿನಿಂದ ಬಂದ ಲಾಗಾಯ್ತು ಅವಳಿಗೊಂದು ರೂಢಿಯಿತ್ತು: ಡ್ಯೂಟಿ ಮುಗಿಸಿ ಬಂದವಳೇ ಷೂ ಬಿಚ್ಚುವ ಮೊದಲೇ ವಾರ್ಡನ್ನು ಪೂರ್ತಿ ನಮ್ಮ ಹಾಲಿಗೆ ತಂದು ಇಳಿಸುವುದು. ಯಾವ ತಾತ ಗಂಜಿ ಬಟ್ಟಲನ್ನು ಕಿಟಕಿಯಾಚೆ ಎಸೆದ, ಯಾವ ಅಜ್ಜಿ ಪಕ್ಕದ ಹಾಸಿಗೆಯವಳ ತಲೆದಿಂಬಿನ ಮೇಲೆ ಹಕ್ಕು ಸ್ಥಾಪಿಸಿದಳು, ಎಲ್ಲವೂ ಅಭಿನಯ ಸಹಿತ. ನಾನು ಲ್ಯಾಪ್‌ಟಾಪಿನಿಂದ ಕಣ್ಣು ತೆಗೆಯದೆ ಹೂಂ ಅನ್ನುತ್ತಿದ್ದೆ. ಆ ಹೂಂ ಕೂಡ ಅವಳಿಗೆ ಸಾಕಾಗುತ್ತಿತ್ತು. ಕೊರೋನಾ ಬಂದು ಸ್ವಲ್ಪ ಕಾಲಕ್ಕೆ ಈ ವಾರ್ತಾಪ್ರಸಾರ ನಿಂತುಹೋಯಿತು. ಬರುತ್ತಿದ್ದಳು, ಬಾಗಿಲಲ್ಲೇ ಬಟ್ಟೆ ಚೀಲಕ್ಕೆ ಹಾಕಿ ನೇರ ಸ್ನಾನಕ್ಕೆ ಹೋಗುತ್ತಿದ್ದಳು, ಬಂದು ಸೋಫಾದ ಆ ತುದಿಯಲ್ಲಿ ಕೂರುತ್ತಿದ್ದಳು. "ಹೇಗಿತ್ತು ಇವತ್ತು?" ಅಂದರೆ "ಗ್ರ್ಯಾಂಡ್ ರೀ." ಈ ದೇಶದಲ್ಲಿ ಆ ಶಬ್ದ ಎಲ್ಲದಕ್ಕೂ ಸಲ್ಲುತ್ತದೆ, ಹವೆ ಗ್ರ್ಯಾಂಡ್, ಮುರಿದ ಕಾಲು ಗ್ರ್ಯಾಂಡ್, ಸೋರುವ ನಲ್ಲಿಯೂ ಗ್ರ್ಯಾಂಡ್. ಆದರೆ ಅವಳ ಬಾಯಲ್ಲಿ ಅದು ಮುಚ್ಚಿದ ಅಂಗಡಿಯ ಷಟರು. ನನಗೆ ಭಯವಾಯಿತು ಎಂದು ನೇರವಾಗಿಯೇ ಹೇಳಿಬಿಡುತ್ತೇನೆ. ಇಪ್ಪತ್ತು ವರ್ಷ ಜೊತೆಗಿದ್ದ ಮಾತುಗಾತಿ ಕಣ್ಣೆದುರೇ ಇದ್ದೂ ಎಲ್ಲೋ ಹೊರಟುಹೋಗುತ್ತಿದ್ದಳು, ಅವಳನ್ನು ಕರೆದುತರುವುದು ಹೇಗೆಂದು ನನಗೆ ತಿಳಿದಿರಲಿಲ್ಲ.

ಕೊರೋನಾಕ್ಕೆ ಮೊದಲು ನಾವು ಜಪಾನಿಗೆ ಹೊರಟವರು. ಅದು ರತ್ನಳದೇ ಆಸೆ. ಬೆಳಿಗ್ಗೆ ದೇವಸ್ಥಾನ, ಉದ್ಯಾನ ನೋಡುವುದು, ಮಧ್ಯಾಹ್ನ ಒಬ್ಬ ಕುಶಲಕರ್ಮಿಯ ಮನೆಯಲ್ಲಿ ಕೂತು, ಬಟ್ಟೆಯನ್ನು ಮಡಿಚಿ ಕಟ್ಟಿ ನಮ್ಮ ಕೈಯಾರೆ ನೀಲಿಯಲ್ಲಿ ಅದ್ದುವುದು ಎಂಬ ಪ್ರವಾಸವೊಂದನ್ನು ಅವಳು ಎಲ್ಲಿಂದಲೋ ಹುಡುಕಿದ್ದಳು. "ಬರೀ ನೋಡ್ಕೊಂಡು ಬರೋದಲ್ಲ ರೀ, ಏನಾದ್ರೂ ಮಾಡ್ಕೊಂಡು ಬರ್ಬೋದು" ಎಂಬುದು ಅವಳ ವಾದ. ಟಿಕೆಟು ರದ್ದಾಯಿತು, ಜಗತ್ತು ಮುಚ್ಚಿತು, ಮನೆಯಿಂದ ಐದು ಕಿಲೋಮೀಟರ್ ದಾಟಬಾರದೆಂಬ ಕಟ್ಟಳೆ ಬಂತು. ಆ ವೃತ್ತದೊಳಗೆ ನಮಗೆ ಪ್ರಾಪ್ತವಾದ ಪ್ರೇಕ್ಷಣೀಯ ಸ್ಥಳವೆಂದರೆ ಬಾಗಿಲು ಹಾಕಿದ ಶಾಪಿಂಗ್ ಸೆಂಟರು. ಅದನ್ನು ನಾಲ್ಕೂ ದಿಕ್ಕುಗಳಿಂದ ದರ್ಶನ ಮಾಡಿ, ಪ್ರದಕ್ಷಿಣೆ ಹಾಕಿ, ನಾನು ವರ್ಷ ಕಳೆದೆ.

ನಿರ್ಬಂಧ ಸಡಿಲವಾದ ಬೇಸಿಗೆಯಲ್ಲಿ ನಮ್ಮ ಮಗಳು ಇಳಾ ಒಂದು ಸುದ್ದಿ ತಂದಳು. ರೈಲಿನಲ್ಲಿ ಸ್ವಲ್ಪವೇ ದೂರದ ಮೇನೂತ್ ಎಂಬ ಊರಿನಲ್ಲಿ ಹರುಕೊ ಎಂಬ ಜಪಾನಿ ಹೆಂಗಸು ತನ್ನ ಹಿತ್ತಲಿನಲ್ಲೇ, ಬಯಲಲ್ಲಿ, ನಾಲ್ಕೈದು ಜನಕ್ಕೆ ಮಾತ್ರ, ಅದೇ ನೀಲಿಯ ಕೆಲಸ ಕಲಿಸುತ್ತಾಳಂತೆ; ಬೆಳಿಗ್ಗೆ ಊರು ಸುತ್ತಿಸುವುದೂ ಸೇರಿದೆಯಂತೆ. "ಅಪ್ಪಾ, ಇಟ್ಸ್ ಜಪಾನ್ ಆನ್ ದ ಮೇನೂತ್ ಟ್ರೇನ್, ಲೈಕ್" ಎಂದಳು. ಕನ್ನಡ ಅರ್ಥವಾಗುತ್ತದೆ ಅವಳಿಗೆ, ಉತ್ತರ ಮಾತ್ರ ಡಬ್ಲಿನ್ನಿನ ರಾಗದಲ್ಲಿ. ರತ್ನಳಿಗೆ ಆ ಶನಿವಾರ ರಜ. ನಾವಿಬ್ಬರೂ ಹೋಗೋಣವೇ ಎಂದೆ. "ಗ್ರ್ಯಾಂಡ್" ಎಂದಳು.

ಒಗೆದು ಮೆತ್ತಗಾದ ಬಿಳಿ ಹತ್ತಿಬಟ್ಟೆ ತನ್ನಿ ಎಂದು ಸೂಚನೆಯಿತ್ತು. ಒಗೆದದ್ದು, ಬಿಳಿ, ಹತ್ತಿ ಎಂಬ ಮೂರು ವಿಶೇಷಣಗಳನ್ನು ಓದಿ ನಾಲ್ಕನೆಯದನ್ನು ನುಂಗಿಬಿಟ್ಟ ನಾನು, ಬೀರುವಿನ ತಳದಲ್ಲಿದ್ದ ನನ್ನ ಪಂಚೆಯನ್ನು ಚೀಲಕ್ಕೆ ಹಾಕಿದೆ. ಯುಗಾದಿಗೆಂದು ರತ್ನ ಪ್ರತಿ ವರ್ಷ ಅನ್ನದ ತಿಳಿಯಲ್ಲಿ ಅದ್ದಿ ಗಂಜಿ ಹಾಕಿ ಗರಿಗರಿ ಇಸ್ತ್ರಿ ಮಾಡಿಡುತ್ತಿದ್ದ ಪಂಚೆ ಅದು. ಈ ಸಲದ ಯುಗಾದಿಯೂ ನಮ್ಮ ಮನೆಗೆ ಬಂದಿರಲಿಲ್ಲ, ಹೋದ ಸಲದ್ದೂ ಬಂದಿರಲಿಲ್ಲ. ಕೊರೋನಾ ಬರುವ ಮುನ್ನ ಅವಳು ಹಾಕಿದ ಗಂಜಿ ಅದರಲ್ಲಿ ಹಾಗೇ ಇತ್ತು.

ಮೇನೂತ್ ದರ್ಶನ ಸಂಕ್ಷಿಪ್ತ. ಕಾಲೇಜಿನ ಗೇಟಿನ ಪಕ್ಕದ ಹಳೆಯ ಕೋಟೆಗೆ ಬೀಗ ಹಾಕಿತ್ತು, ಸರಳುಗಳ ನಡುವೆ ಮೂಗು ತೂರಿಸಿ ನೋಡಿದೆವು. ಕಾಲೇಜಿನಲ್ಲಿ ಹುಡುಗರಿರಲಿಲ್ಲ. ಕಾಲುವೆಯಲ್ಲಿ ಬಾತುಗಳಿದ್ದವು, ಅವು ಮಾತ್ರ ಯಾವ ನಿಯಮವನ್ನೂ ಪಾಲಿಸದೆ ಒತ್ತೊತ್ತಾಗಿ ತೇಲುತ್ತಿದ್ದವು. ಮಾಸ್ಕಿನೊಳಗೆ ನನ್ನದೇ ಬಿಸಿಯುಸಿರು ಕುಡಿಯುತ್ತ ನಡೆದು ನಡೆದು, ನೋಡುವುದು ಇಷ್ಟೊಂದು ಆಯಾಸದ ಕೆಲಸವೆಂದು ನನಗೆ ಮೊದಲ ಬಾರಿಗೆ ಅರಿವಾಯಿತು. ರತ್ನ ಎಲ್ಲವನ್ನೂ ನೋಡಿದಳು, ಯಾವುದರ ಬಗ್ಗೆಯೂ ಏನೂ ಹೇಳಲಿಲ್ಲ.

ಹರುಕೊ ಅವರ ಹಿತ್ತಲು ಆ ಕಾಲುವೆಗೇ ತಾಗಿಕೊಂಡಿತ್ತು. ಅರವತ್ತರ ಹತ್ತಿರದ, ಸಣ್ಣ ಮೈಯ, ಐರಿಷ್ ಗಂಡನನ್ನು ಕಟ್ಟಿಕೊಂಡು ಇಲ್ಲೇ ಹಳಬರಾದ ಹೆಂಗಸು. ಬಣ್ಣದ ದೊಡ್ಡ ಡ್ರಮ್ಮಿನ ಮುಚ್ಚಳ ತೆಗೆದಾಗ ಬಂದ ವಾಸನೆಗೆ ದನದ ಕೊಟ್ಟಿಗೆಯ ನೆನಪಾಯಿತು. ಉಳಿದವರು ಕರವಸ್ತ್ರ, ದಿಂಬಿನ ಕವರು ತಂದಿದ್ದರು. ನಾನು ನಾಲ್ಕು ಮೊಳದ ವಸ್ತ್ರವನ್ನು ಬಿಚ್ಚಿ ಹಿಡಿದಾಗ ಎಲ್ಲರೂ ತಮ್ಮ ಕರವಸ್ತ್ರ ಕೆಳಗಿಟ್ಟು ನೋಡಿದರು. ಹರುಕೊ ಅದನ್ನು ಬೆರಳಲ್ಲಿ ಹೊಸೆದು ನೋಡಿ, ಇದಕ್ಕೆ ಏನು ಹಾಕಿದ್ದೀರಿ ಎಂದು ಕೇಳಿದರು. ಅಕ್ಕಿ ಎಂದೆ. ಅವರಿಗೆ ನಗು ತಡೆಯಲಾಗಲಿಲ್ಲ. ತಮ್ಮ ಕಡೆಯೂ ಬಟ್ಟೆಗೆ ಅಕ್ಕಿಯ ಅಂಟು ಬಳಿಯುತ್ತಾರಂತೆ, ಎಲ್ಲಿ ಬಣ್ಣ ಹತ್ತಬಾರದೋ ಅಲ್ಲಿ ಮಾತ್ರ. ನೀವು ಬಣ್ಣ ಹತ್ತಿಸಲು ಬಂದು ಮೊದಲೇ ಪೂರ್ತಿ ತಡೆದಿದ್ದೀರಲ್ಲ ಎಂದರು. ನಾನು ರತ್ನಳ ಕಡೆ ನೋಡಿದೆ. ಅವಳು ಪಂಚೆಯ ಅಂಚು ಮುಟ್ಟಿ ನೋಡಿ, "ಇದು ನಾನ್ ಹಾಕಿದ್ದ ಗಂಜಿ" ಎಂದಳು. ಅಷ್ಟೇ, ನಗಲಿಲ್ಲ.

ನೀರಲ್ಲಿ ನೆನೆಸಿ, ಮಡಿಚಿ, ದಾರ ಬಿಗಿದು, ಇಬ್ಬರೂ ಎರಡು ತುದಿ ಹಿಡಿದು ಮುಳುಗಿಸಿದೆವು. ಎಲ್ಲರಿಗೂ ಗ್ಲೌಸ್ ಕೊಟ್ಟಿದ್ದರು. ರತ್ನ ಕಣ್ಣು ಮಿಟುಕಿಸುವಷ್ಟರಲ್ಲಿ ಹಾಕಿಕೊಂಡು ಮಣಿಕಟ್ಟಿನ ತನಕ ಎಳೆದಿದ್ದಳು. ನನಗೋ, ಗಂಜಿ ಗಟ್ಟಿಯಾಗಿದ್ದ ಕಡೆ ಬಣ್ಣ ಹತ್ತುತ್ತಿಲ್ಲವೆಂಬ ಚಿಂತೆ. ಗಂಜಿ ಹೋಗಬೇಕಾದರೆ ಉಜ್ಜಬೇಕು, ಉಜ್ಜಬೇಕಾದರೆ ಬರಿಗೈಯೇ ಆಗಬೇಕು ಎಂಬ ನಮ್ಮ ಬಟ್ಟೆ ಒಗೆಯುವ ಕಲ್ಲಿನ ಶಾಸ್ತ್ರ ನೆನಪಾಗಿ, ಗ್ಲೌಸ್ ಕಿತ್ತುಹಾಕಿ, ಮೊಣಕೈವರೆಗೆ ಇಳಿದು, ಡ್ರಮ್ಮಿನೊಳಗೇ ತಿಕ್ಕತೊಡಗಿದೆ. ಹರುಕೊ ಓಡಿಬಂದು ತಡೆದರು. ಬಣ್ಣದೊಳಗೆ ಗಾಳಿ ಸೇರಬಾರದಂತೆ, ಸೇರಿದರೆ ಅದು ಡ್ರಮ್ಮಿನಲ್ಲೇ ಕೆಡುತ್ತದಂತೆ.

ಎತ್ತಿದರೆ ಪಂಚೆ ನೀಲಿಯಾಗಿರಲೇ ಇಲ್ಲ. ಹಳದಿಗೆ ತಿರುಗಿದ ಹಸಿರು, ಕೊಳೆತ ಪಾಲಕ್‌ಸೊಪ್ಪಿನ ಬಣ್ಣ. ನನ್ನ ಮುಖ ನೋಡಿ ಹರುಕೊ ಹೇಳಿದರು: "ಕಾಯಿರಿ. ಈಗ ಅದು ಉಸಿರಾಡಲಿ. ಗಾಳಿಯಲ್ಲಿ ಆಮ್ಲಜನಕ ಸಿಕ್ಕಿದರೆ ತಾನಾಗಿಯೇ ನೀಲಿಯಾಗುತ್ತದೆ." ನಿಜಕ್ಕೂ ನೋಡುತ್ತಿದ್ದಂತೆಯೇ ಅಂಚಿನಿಂದ ಒಳಕ್ಕೆ ನೀಲಿ ಹರಡಿತು. ನನ್ನ ಕೈಗಳೂ ಹಾಗೇ ಆದವು. ಮೊದಲು ಹಸಿರು, ಆಮೇಲೆ ಬೆರಳು, ಉಗುರು, ಉಗುರಿನ ಸಂದಿ ಎಲ್ಲ ನೀಲಿ. "ರತ್ನಾ, ನೋಡಿಲ್ಲಿ!" ಎಂದು ಎರಡೂ ಕೈ ಚಾಚಿ ಅವಳ ಮುಖದೆದುರು ಹಿಡಿದೆ, ಮೆಚ್ಚಿಸಲು.

ರತ್ನ ತನ್ನ ತುದಿಯನ್ನು ಕೈಬಿಟ್ಟಳು. ಗ್ಲೌಸ್ ಕಳಚಿ, ಹಿತ್ತಲ ಗೇಟು ತೆರೆದು ಕಾಲುವೆಯ ಕಡೆ ನಡೆದುಬಿಟ್ಟಳು. ಒದ್ದೆ ಪಂಚೆ ಅರ್ಧ ಹುಲ್ಲಿನ ಮೇಲೆ, ಅರ್ಧ ನನ್ನ ಕೈಯಲ್ಲಿ. ಪಂಚೆ ಹಾಳುಮಾಡಿದ್ದಕ್ಕೆ ಕೋಪವೇ? ಎಲ್ಲರೆದುರು ಪೆದ್ದನಾದದ್ದಕ್ಕೆ ನಾಚಿಕೆಯೇ? ಹರುಕೊ ನನ್ನ ಕೈಯಿಂದ ಬಟ್ಟೆ ತೆಗೆದುಕೊಂಡು, ಹೋಗಿ ಎಂದು ಕಣ್ಣಲ್ಲೇ ಹೇಳಿದರು. ಕಾಲುವೆ ದಡದ ಬೆಂಚಿನ ಮೇಲೆ ಅವಳ ಪಕ್ಕ ಕೂತೆ. ತರಗತಿ ಮುಗಿಯುವ ತನಕ ಇಬ್ಬರೂ ಬಾತುಗಳನ್ನು ನೋಡಿದೆವು. ಏನಾಯಿತೆಂದು ಕೇಳುವ ಧೈರ್ಯ ನನಗಾಗಲಿಲ್ಲ, ಕೇಳಿದರೆ ಮತ್ತೆ ಗ್ರ್ಯಾಂಡ್ ಅಂದಾಳೆಂಬ ಹೆದರಿಕೆ.

ವಾಪಸು ರೈಲಿನಲ್ಲಿ ಜನವಿರಲಿಲ್ಲ, ಒಂದು ಬಿಟ್ಟು ಒಂದು ಸೀಟಿಗೆ ಕೂರಬೇಡಿ ಎಂಬ ಚೀಟಿ ಅಂಟಿಸಿತ್ತು. ರೈಲು ಹೊರಟ ಮೇಲೆ ರತ್ನ ತಾನಾಗಿಯೇ ನನ್ನ ಬಲಗೈ ಎಳೆದುಕೊಂಡಳು. ಹೆಬ್ಬೆರಳ ಉಗುರನ್ನು ಒತ್ತಿ ಬಿಟ್ಟಳು. ಮತ್ತೆ ಒತ್ತಿ ಬಿಟ್ಟಳು. ಹಾಗೆ ಒತ್ತಿದರೆ ಉಗುರು ಬಿಳಿಚಿ, ಬಿಟ್ಟೊಡನೆ ಕೆಂಪಾಗಬೇಕಂತೆ, ರಕ್ತ ಸರಿಯಾಗಿ ಓಡುತ್ತಿದೆ ಎಂಬುದಕ್ಕೆ ಅದು ಗುರುತಂತೆ. ಈ ಬಣ್ಣದಡಿ ಬಿಳುಪೂ ಇಲ್ಲ, ಕೆಂಪೂ ಇಲ್ಲ.

"ಕಾಣ್ತಾನೇ ಇಲ್ಲ ಇದ್ರಲ್ಲಿ" ಎಂದಳು. ಆಮೇಲೆ ಉಗುರು ಬಿಟ್ಟು ಇಡೀ ಕೈಯನ್ನೇ ಹಿಡಿದುಕೊಂಡಳು. "ಬೆಚ್ಚಗಿದೆ."

ಕೈ ಹಿಡಿದುಕೊಂಡೇ ಹೇಳತೊಡಗಿದಳು. "ವಾರ್ಡಿಗೆ ಹೋದ ತಕ್ಷಣ ನಾನು ಮುಖ ನೋಡಲ್ಲ ರೀ, ಮೊದ್ಲು ಉಗುರು ನೋಡ್ತೀನಿ. ನೀಲಿ ಆಗಿದ್ರೆ ಉಸಿರು ಸಾಲ್ತಿಲ್ಲ ಅಂತ. ಎಷ್ಟ್ ಜನರದ್ದು ನೋಡಿದೀನೋ. ಅವ್ರು ಅಂದ್ರಲ್ಲ, ಉಸಿರು ಸಿಕ್ಕಿದ್ರೆ ನೀಲಿ ಆಗತ್ತೆ ಅಂತ... ನಂಗೆ ತಡ್ಕೊಳೋಕೆ ಆಗ್ಲಿಲ್ಲ. ಆಮೇಲೆ ನೀವು ಬೇರೆ ಕೈ ತಂದ್ ಹಿಡಿದ್ರಿ." ನಾನು ಹೂಂ ಅನ್ನಲಿಲ್ಲ. "ಒಬ್ರು ಅಜ್ಜ ಇದ್ರು, ರೇಸ್ ಕುದುರೆ ಸಾಕ್ತಿದ್ರಂತೆ. ಕೊನೇಲಿ ನಾನೇ ಕೈ ಹಿಡ್ಕೊಂಡಿದ್ದೆ, ಮನೆಯೋರನ್ನ ಬಿಡ್ತಿರ್ಲಿಲ್ವಲ್ಲ. ಗ್ಲೌಸ್ ಮೇಲೆ ಗ್ಲೌಸ್, ಎರಡೆರಡು. ನನ್ನ ಕೈ ಬೆಚ್ಚಗಿತ್ತೋ ತಣ್ಣಗಿತ್ತೋ ಅವ್ರಿಗೆ ಗೊತ್ತೇ ಆಗ್ಲಿಲ್ಲ."

ಆಮೇಲೆ ನಿಲ್ಲಿಸಲಿಲ್ಲ. ವರ್ಷಕ್ಕೂ ಮೀರಿ ಬಾಕಿಯಿದ್ದ ವಾರ್ಡು, ಹಾಸಿಗೆಯ ನಂತರ ಹಾಸಿಗೆ, ಆ ಖಾಲಿ ರೈಲುಡಬ್ಬಿಯೊಳಗೆ ಬಂದು ಕೂತಿತು. ಅತ್ತಳು, ನಡುವೆ ಒಬ್ಬ ಅಜ್ಜಿಯ ಬೈಗುಳವನ್ನು ಅದೇ ಧ್ವನಿಯಲ್ಲಿ ಅನುಕರಿಸಿ ನಕ್ಕಳು, ಮತ್ತೆ ಅತ್ತಳು. ನಾವು ಇಳಿಯಬೇಕಾದ ಸ್ಟೇಷನ್ನು ಯಾವಾಗಲೋ ಹಿಂದಾಗಿತ್ತು. ರೈಲು ಡಬ್ಲಿನ್ನಿನ ಕೊನೆಯ ನಿಲ್ದಾಣಕ್ಕೆ ಹೋಗಿ ನಿಂತು, ಅದೇ ರೈಲು ಹಿಂದಿರುಗಿದಾಗ ನಾವೂ ಹಿಂದಿರುಗಿದೆವು. ಮನೆಗೆ ಬಂದಾಗ ಇಬ್ಬರಿಗೂ ಊಟ ಮಾಡುವಷ್ಟೂ ಶಕ್ತಿ ಉಳಿದಿರಲಿಲ್ಲ.

ಪಂಚೆಯನ್ನು ಹರುಕೊ ತೊಳೆದು ಒಣಗಿಸಿ ಅಂಚೆಯಲ್ಲಿ ಕಳಿಸಿಕೊಟ್ಟರು. ನೀಲಿಯ ನಡುವೆ ಗಂಜಿ ನಿಂತ ಕಡೆಯೆಲ್ಲ ಬಿಳಿ ಮೋಡಗಳು. ಕಟ್ಟು ಬಿಗಿದು ಮೂಡಿಸಿದ ಚಿತ್ತಾರಕ್ಕಿಂತ ರತ್ನಳ ಗಂಜಿಯ ಚಿತ್ತಾರವೇ ಚೆನ್ನಾಗಿದೆ ಎಂದು ಇಳಾ ಅದನ್ನು ಕಿಟಕಿಗೆ ಪರದೆ ಮಾಡಿದಳು. ಪಂಚೆಯ ಗತಿ ಅಲ್ಲಿಗೆ ಮುಗಿಯಿತು. ಮುಗಿಯದೆ ಉಳಿದದ್ದು ನನ್ನ ಉಗುರು.

ಅಂದಿನಿಂದ ರತ್ನಳಿಗೊಂದು ಹೊಸ ರೂಢಿ. ಸ್ನಾನ ಮುಗಿಸಿ ಬಂದು, ಸೋಫಾದ ಆ ತುದಿ ಬಿಟ್ಟು ಈ ತುದಿಗೆ ಕೂತು, "ಕೈ ಕೊಡಿ, ಎಷ್ಟ್ ಹೋಗಿದೆ ನೋಡೋಣ" ಎಂದು ನನ್ನ ಕೈಯನ್ನು ಮಡಿಲಿಗೆ ಎಳೆದುಕೊಳ್ಳುವುದು. ನೋಡುತ್ತ ನೋಡುತ್ತ ಆ ದಿನದ್ದನ್ನು ಹೇಳುವುದು. ಎಲ್ಲ ದಿನವೂ ಅಲ್ಲ. ಕೆಲವು ದಿನ ಬರೀ ಹಿಡಿದುಕೊಂಡು ಹಾಗೇ ನಿದ್ದೆಹೋಗುತ್ತಿದ್ದಳು. ನನ್ನ ಸಂಕಟ ಏನೆಂದು ಈಗ ನಿಮಗೆ ತಿಳಿದಿರಬೇಕು. ಉಗುರಿನ ಬುಡದಿಂದ ಗುಲಾಬಿ ಬಣ್ಣ ದಿನೇದಿನೇ ಮೇಲೇರುತ್ತಿತ್ತು, ನೀಲಿ ತುದಿಗೆ ಸರಿಯುತ್ತಿತ್ತು. ಅದು ಪೂರ್ತಿ ಹೋದರೆ ನನ್ನ ಕೈಯನ್ನು ಅವಳು ಯಾಕೆ ಕೇಳಿಯಾಳು? ನೇಲ್‌ಕಟರನ್ನು ಒಗ್ಗರಣೆ ಡಬ್ಬಿಯ ಹಿಂದೆ ಬಚ್ಚಿಟ್ಟು, ಉಗುರನ್ನು ಅಸಹ್ಯವಾಗುವಷ್ಟು ಬೆಳೆಸಿದೆ. ಮೇನೂತಿಗೆ ಇನ್ನೊಮ್ಮೆ ಹೋಗಿ ಕದ್ದು ಕೈ ಅದ್ದಿಬರುವ ಯೋಚನೆಯೂ ಬಂದಿತ್ತು.

ಕೊನೆಗೊಂದು ಭಾನುವಾರ, ಸಾಸಿವೆ ಹುಡುಕಲು ಹೋದ ರತ್ನಳ ಕೈಗೆ ನೇಲ್‌ಕಟರು ಸಿಕ್ಕಿತು. ಪೇಪರು ಹಾಸಿ ತಾನೇ ಕತ್ತರಿಸಿದಳು. ಹತ್ತು ನೀಲಿ ಚೂರುಗಳನ್ನು ಮಡಿಚಿ ಕಸಕ್ಕೆ ಹಾಕಿದಳು.

ಮಾರನೆಯ ಸಂಜೆ ಅವಳು ಡ್ಯೂಟಿಯಿಂದ ಬಂದಾಗ ನಾನು ಲ್ಯಾಪ್‌ಟಾಪ್ ಮಡಿಚಿ, ಎರಡೂ ಕೈ ತೊಡೆಯ ಕೆಳಗಿಟ್ಟುಕೊಂಡು ಕೂತಿದ್ದೆ. ಸ್ನಾನ ಮುಗಿಸಿ ಬಂದಳು. ಈ ತುದಿಗೇ ಕೂತಳು.

"ಕೈ ಕೊಡಿ."

"ನೀಲಿ ಎಲ್ಲಾ ಹೋಯ್ತಲ್ಲೇ" ಎಂದೆ.

"ಅದಕ್ಕೇ ಕೊಡಿ, ಈಗ ಕಾಣತ್ತೆ" ಎಂದು ಎಳೆದುಕೊಂಡು, ಹೆಬ್ಬೆರಳ ಉಗುರನ್ನು ಒತ್ತಿ ಬಿಟ್ಟು, ಅದು ಬಿಳಿಚಿ ಕೆಂಪಾಗುವುದನ್ನು ಕೂತು ನೋಡಿ, ಮಾತು ಶುರುಮಾಡಿದಳು.