ಮೂರು ನಿಮಿಷದ ಜರ್ಮನ್ ಸಾಕ್ಷಿ

ಜರ್ಮನಿಯ ಒಬ್ಬ ನಟನಿಗೆ ನಾನು ಋಣಿ. ರಾಯದುರ್ಗದಲ್ಲಿ ಜೀನ್ಸ್ ಹೊಲಿಗೆ ತಪಾಸಣೆ ಮಾಡುವವನ ಬಾಯಲ್ಲಿ ಈ ಮಾತು ಬಂದರೆ ನೀವು ನಗಬಹುದು.

ಮಗಳು ಫೋನಿಗೆ ಹಾಕಿಕೊಟ್ಟ ಜರ್ಮನ್ ಪೊಲೀಸ್ ಧಾರಾವಾಹಿಗಳನ್ನು, ಕೆಳಗಿನ ಇಂಗ್ಲಿಷ್ ಸಾಲು ಓದುತ್ತಾ, ನೋಡುತ್ತೇನೆ. ಹಳೆಯದು, ಹೊಸದು, ಎಲ್ಲದರಲ್ಲೂ ಆತನಿದ್ದಾನೆ. ಕಪ್ಪು ಕೂದಲಿದ್ದಾಗ ಅಂಚೆಯವ, ನರೆತ ಮೇಲೆ ಲಾಡ್ಜಿನ ಮಾಲೀಕ, ಈಗ ಬೋಳುತಲೆಯ ಪಕ್ಕದ ಮನೆಯವ. ಕೊಲೆ ಮಾಡುವ ಭಾಗ್ಯವಿಲ್ಲ, ಕೊಲೆಯಾಗುವ ಭಾಗ್ಯವೂ ಇಲ್ಲ. ಜೀವಮಾನವಿಡೀ ಸಾಕ್ಷಿ, ಮೂರು ನಿಮಿಷ ಬಂದು ಹೋಗುತ್ತಾನೆ.

"ಬಂದ ನೋಡ್ರಿ ನಿಮ್ಮ ಬೀಗ," ಎನ್ನುತ್ತಾಳೆ ಹೆಂಡತಿ. "ಅವಗ ಅದೊಂದ ಕೋಟ ಐತೇನು?"

ಕೋಟು ಒಂದೇ ಇರಬಹುದು. ಆದರೆ ಪ್ರಶ್ನೆ ಬಿದ್ದಾಗ ಆತ ಕಿಟಕಿಯತ್ತ ನೋಡಿ ನೆನಪು ಮಾಡಿಕೊಳ್ಳುತ್ತಾನೆ. ಆಮೇಲೆ, ನೋಡಿದ್ದು ಇಷ್ಟೇ, ಉಳಿದದ್ದು ಗೊತ್ತಿಲ್ಲ ಎನ್ನುತ್ತಾನೆ.

ಕಳೆದ ತಿಂಗಳು ಬಸ್ ನಿಲ್ದಾಣದ ಹತ್ತಿರ ಆಟೊ ಉರುಳಿ, ಹೂ ಮಾರುವಾಕೆಯ ಕಾಲು ಮುರಿಯಿತು. ಹತ್ತು ಹೆಜ್ಜೆ ದೂರದಲ್ಲಿ ನಾನಿದ್ದೆ. "ಡ್ರೈವರ್ ಫೋನಿನಾಗ ಮಾತಾಡ್ತಿದ್ದ, ಅಲ್ಲೇನ್ರಿ?" ಎಂದು ಗುಂಪಿನಲ್ಲಿ ಯಾರೋ ಕೇಳಿದರು. "ಹೌದ್ರಿ, ಕಿವಿ ಮ್ಯಾಲೆ ಕೈ ಇತ್ತು, ನಾನ ನೋಡೀನಿ," ಎಂದುಬಿಟ್ಟೆ. ಆ ಮಾತಿಗೇ ಡ್ರೈವರ್ ತಿಪ್ಪೇಸ್ವಾಮಿಯನ್ನು ಠಾಣೆಗೆ ಕರೆದೊಯ್ದರು.

ಮರುದಿನ ಹೇಳಿಕೆ ಬರೆಸಲು ನನ್ನನ್ನು ಕರೆದರು. ಹೆಡ್ ಕಾನ್‌ಸ್ಟೇಬಲ್ ಪೆನ್ನು ಹಿಡಿದು ಕಾದರು. ನಾನು ಕಿಟಕಿಯತ್ತ ನೋಡಿದೆ. ಮೊದಲು ಸದ್ದು. ಆಮೇಲೆ ನಾನು ತಿರುಗಿದ್ದು. ಆಗಲೇ ಆಟೊ ಬಿದ್ದಿತ್ತು. ಡ್ರೈವರ್ ತೆವಳಿ ಹೊರಬಂದ. ಕೈ ಕಿವಿಯ ಮೇಲಿತ್ತು, ಬೆರಳ ಸಂದಿಯಲ್ಲಿ ರಕ್ತ. ಫೋನು ನಾನು ನೋಡಲಿಲ್ಲ ಎಂದೆ.

"ನಿನ್ನೆ ನೋಡಿದ್ರಿ, ಇವತ್ತು ನೋಡಿಲ್ಲೇನ್ರಿ?"

"ನೋಡಿದ್ದು ಇಷ್ಟ ಸಾರ್. ನಿನ್ನೆ ಹೇಳಿದ್ದು ಹೆಚ್ಚಾತು."

ಅವರು ನನ್ನನ್ನೇ ದಿಟ್ಟಿಸಿದರು, ಆಮೇಲೆ ಬರೆದುಕೊಂಡರು. ಸಂಜೆ ತಿಪ್ಪೇಸ್ವಾಮಿ ಕಿವಿಗೆ ಪಟ್ಟಿ ಕಟ್ಟಿಕೊಂಡು ಮನೆಗೆ ಹೋದ. ತಪ್ಪು ಯಾರದೆಂದು ಈಗಲೂ ನನಗೆ ಗೊತ್ತಿಲ್ಲ.

ನಾಯಕನಾಗಿದ್ದರೆ ಆ ನಟನಿಗೆ ಎಲ್ಲವೂ ಗೊತ್ತಿರಬೇಕಾಗುತ್ತಿತ್ತು. ಗೊತ್ತಿಲ್ಲ ಎಂಬುದನ್ನು ಅಷ್ಟು ಮರ್ಯಾದೆಯಿಂದ ಹೇಳಿಕೊಡಲು ಸಣ್ಣ ಪಾತ್ರದವನೇ ಬೇಕಿತ್ತು. ಕೊನೆಯಲ್ಲಿ ಓಡುವ ಹೆಸರುಗಳನ್ನು ಈಗ ನಿಲ್ಲಿಸಿ, ಆತನ ಹೆಸರನ್ನು ಅಕ್ಷರ ಕೂಡಿಸಿ ಓದುತ್ತೇನೆ.

"ಊರಾಗ ನಿಮ್ಮನ್ನ ಮಾತು ಬದಲಿಸೋ ಮನುಷ್ಯಾ ಅಂತಾರ್ರಿ," ಎಂದಳು ಹೆಂಡತಿ.

"ಅನ್ಲಿ ಬಿಡು. ಅವರು ಕಂಡದ್ದನ್ನ ಹೇಳ್ತಾರ."