ಮಗ್ಗಕ್ಕೆ ರಜೆಯ ದಿನ

ನಾನು ಸಿನಿಮಾ ನಿರ್ದೇಶಕಿ ಎಂಬುದು ನಮ್ಮ ಕೊಳ್ಳೇಗಾಲದ ದೊಡ್ಡ ಮನುಷ್ಯರಿಗೆ ಗೊತ್ತಾಗಿದ್ದು ಯಾವುದೋ ಪರದೇಶದ ಚಿತ್ರೋತ್ಸವದಲ್ಲಿ ನನಗೊಂದು ಪ್ರಶಸ್ತಿ ಬಂದ ಮೇಲೆ. ಅಲ್ಲಿಯವರೆಗೆ ನಾನು ‘ಸಿನ್ಮಾ ಅಂತ ಓಡೋದೋಳು’. ಹಾಗೆ ಅಂದವರೇ ಈಗ ‘ನಮ್ಮೂರ ಹೆಮ್ಮೆಯ ಮಗಳು’ ಎಂದು ಬಸ್‌ಸ್ಟ್ಯಾಂಡಿನ ಎದುರು ಫ್ಲೆಕ್ಸ್ ಕಟ್ಟಿಸಿದ್ದರು. ಅದರಲ್ಲಿ ನನ್ನ ಮುಖ ಅಂಚೆಚೀಟಿಯಷ್ಟು. ಉಳಿದ ಜಾಗವೆಲ್ಲ ಶುಭ ಕೋರುವವರ ಮೀಸೆಗಳದ್ದು.

ಪ್ರಶಸ್ತಿ ಬಂದ ಈ ಸಿನಿಮಾದ ಒಂದು ದೃಶ್ಯಕ್ಕೆ ಹಿಂದೊಮ್ಮೆ ಕೌದಳ್ಳಿಗೆ ಹೋಗಿದ್ದೆವು. ಅಂಗಡಿ ಬೀದಿಯ ಯಜಮಾನರೊಬ್ಬರು ನನ್ನನ್ನು ದಾಟಿಕೊಂಡು ಹೋಗಿ, ಗಡ್ಡ ಬಿಟ್ಟಿದ್ದ ನಮ್ಮ ಕ್ಯಾಮೆರಾದವನಿಗೆ ಕುರ್ಚಿ ಹಾಕಿ ಎಳನೀರು ಕೊಟ್ಟರು. “ಡೈರೆಕ್ಟರ್ ಸಾ, ನಮ್ಮಂಗ್ಡಿ ಬೋರ್ಡು ಕಾಣಂಗೆ ತಗೀರಿ ಸಾ.” ಅವನು ಮುಜುಗರದಿಂದ ನನ್ನ ಕಡೆ ಕೈ ತೋರಿಸಿದ. ಯಜಮಾನರು ನನ್ನನ್ನು ಮೇಲಿಂದ ಕೆಳಗೆ ನೋಡಿ, “ಅವ್ರು ಮೇಕಪ್ಪಾ?” ಎಂದರು. ಬೆಂಗಳೂರಿನ ನಿರ್ಮಾಪಕರೇನು ಕಡಿಮೆಯಲ್ಲ ಬಿಡಿ. ಕಥೆ ಪೂರ್ತಿ ಕೇಳಿ, “ಮೇಡಂ, ಇದರಲ್ಲಿ ಹೀರೋ ಎಲ್ಲಿ ಬರ್ತಾನೆ?” ಎಂದು ಕೇಳಿದ ಮಹಾನುಭಾವರಿದ್ದಾರೆ.

ಹೀರೋ ಬರುವುದೇ ಇಲ್ಲ. ನಮ್ಮ ರೇಷ್ಮೆ ಮಗ್ಗದ ಬೀದಿಯಲ್ಲಿ ಮಗ್ಗಕ್ಕೆ ಉದ್ದಕ್ಕೂ ಬಿಗಿದ ಎಳೆಗಳ ಒಂದು ಹಾಸು ಮುಗಿದರೆ, ಅದರ ತುದಿಗೆ ಹೊಸ ಹಾಸಿನ ಸಾವಿರಾರು ಎಳೆಗಳನ್ನು ಒಂದೊಂದಾಗಿ ಹೊಸೆದು ಸೇರಿಸುವವರು ಹೆಂಗಸರು. ಎಳೆ ಜಾರದಂತೆ ಬೆರಳಿಗೆ ಬೂದಿ ಹಚ್ಚಿಕೊಂಡು, ಬೆನ್ನು ಬಗ್ಗಿಸಿ ಕೂತರೆ ಎದ್ದೇಳುವ ಹೊತ್ತಿಗೆ ಸೊಂಟ ಅವರದ್ದಾಗಿರುವುದಿಲ್ಲ. ಆಮೇಲೆ ಗಂಡಸು ಬಂದು ಲಾಳಿ ಎಸೆಯುತ್ತಾನೆ. ಅವನು ನೇಕಾರ. ಇವಳು ‘ಮನೇಲಿ ಇದಾಳೆ’. ನನ್ನ ಸಿನಿಮಾದಲ್ಲಿ ಇರುವುದು ಇಷ್ಟೇ. ಅದರಲ್ಲಿ ನನ್ನ ಅವ್ವ ಮತ್ತು ನಮ್ಮ ಬೀದಿಯ ಹೆಂಗಸರು ತಮ್ಮ ಪಾತ್ರ ತಾವೇ ಮಾಡಿದ್ದಾರೆ. ಆದರೆ ಯಾವ ಯಾವುದೋ ದೇಶದವರು ಅವರನ್ನು ನೋಡಿ ಚಪ್ಪಾಳೆ ತಟ್ಟಿದ್ದರೂ ಅವರೇ ತಮ್ಮನ್ನು ನೋಡಿರಲಿಲ್ಲ. ನೋಡುವುದಿದ್ದರೆ ದೊಡ್ಡ ಪರದೆಯಲ್ಲಿ, ಎಲ್ಲರೂ ಒಟ್ಟಿಗೆ ಕೂತು ನೋಡಲಿ ಎಂದು ನಾನೇ ತಡೆದಿದ್ದೆ. ನನಗೆ ಊರಿನಿಂದ ಬೇಕಿದ್ದದ್ದು ಅದೊಂದೇ.

ನನ್ನ ಸನ್ಮಾನಕ್ಕೆಂದು ಊರವರು ಕಟ್ಟಿದ್ದ ಸಮಿತಿಯ ಅಧ್ಯಕ್ಷರು ಮನೆಗೆ ಬಂದು, “ಸನ್ಮಾನ, ಸಿನ್ಮಾ ಎರಡ್ನೂ ಅಮಾಸೆ ದಿನ ಇಟ್ಕಳನ ಕಣವ್ವ. ಮಗ್ಗಕ್ಕೆ ರಜ, ಎಲ್ರೂ ಬತ್ತರೆ” ಎಂದರು. ನನಗೂ ಸರಿ ಕಂಡಿತು. ಅಮಾವಾಸ್ಯೆಯ ದಿನ ನಮ್ಮಲ್ಲಿ ಯಾರೂ ಮಗ್ಗ ಮುಟ್ಟುವುದಿಲ್ಲ.

ಕಲ್ಯಾಣ ಮಂಟಪ ತುಂಬಿತ್ತು. ಶಾಲು, ಹಾರ, ಮೈಸೂರು ಪೇಟ. ಪೇಟ ನನ್ನ ಕಣ್ಣು ಮುಚ್ಚುವಷ್ಟು ದೊಡ್ಡದು, ಗಂಡಸಿನ ತಲೆಗೆಂದೇ ತಂದಿದ್ದು. ಮುಖ್ಯ ಅತಿಥಿಗಳು, “ನಾನು ಈ ಸಿನಿಮಾ ನೋಡಿಲ್ಲ, ಆದರೂ ಅದ್ಭುತವಾಗಿದೆ” ಎಂದು ಮೈಕು ಬಿಡದೆ ಮಾತಾಡಿದರು. ಥೂ, ಇಂಥ ನಾಲಿಗೆಗೂ ಚಪ್ಪಾಳೆ! ಕೊನೆಗೆ ದೀಪ ಆರಿಸಿದರು. ಸಿನಿಮಾ ಶುರುವಾಯಿತು. ಪರದೆಯ ಬೆಳಕಿನಲ್ಲಿ ಸಭೆಯತ್ತ ನೋಡಿದೆ. ಸಾಲು ಸಾಲು ಬಿಳಿ ಪಂಚೆ, ಬಿಳಿ ಷರಟು. ಒಂದು ಸೀರೆ ಇಲ್ಲ.

“ಹೆಂಗಸ್ರೆಲ್ಲಿ?” ಎಂದು ಅಧ್ಯಕ್ಷರನ್ನು ಕೇಳಿದೆ.

“ಹಿಂದ್ಗಡೆ ಅವ್ರೆ. ಇಷ್ಟ್ ಜನಕ್ಕೆ ಊಟ ಆಗ್ಬೇಕಲ್ಲವ್ವ.”

ಹಿಂದಿನ ಅಡುಗೆಮನೆಗೆ ಹೋದೆ. ಪರದೆಯ ಮೇಲೆ ಎಳೆ ಹೊಸೆಯುತ್ತಿದ್ದ ಅದೇ ಹೆಂಗಸರು ಒಲೆಯ ಮುಂದೆ ಬೆವರುತ್ತ ಪಾಯಸ ತಿರುವುತ್ತಿದ್ದರು. ಅವ್ವ ಸಾರಿನ ಕೊಳಗ ಇಳಿಸುತ್ತಿದ್ದಳು. ಮೈ ಉರಿದು ಹೋಯಿತು. ಮಗ್ಗಕ್ಕೆ ರಜೆ ಎಂದರೆ ಯಾರಿಗೆ ರಜೆ ಎಂದು ಮಗ್ಗದ ಮನೆಯಲ್ಲೇ ಹುಟ್ಟಿದ ನನಗೆ ಹೊಳೆಯಲಿಲ್ಲವಲ್ಲ!

“ಬಾ ಅವ್ವ, ನೋಡು” ಎಂದೆ. “ಓಗಮ್ಮಿ, ಅನ್ನ ತಳ ಹತ್ತುತ್ತೆ” ಎಂದಳು.

ಸಭೆಗೆ ವಾಪಸ್ಸು ಬಂದು ಪ್ರೊಜೆಕ್ಟರಿನ ವಯರು ಕಿತ್ತೆ. “ಅಯ್ಯಯ್ಯೋ, ಏನಾಯ್ತವ್ವ, ಕರೆಂಟಾ?” ಎಂದರು ಅಧ್ಯಕ್ಷರು. “ಹೌದು, ಕರೆಂಟು. ಎಲೆ ಹಾಕಿಸಿ, ಊಟಕ್ಕೆ ಕೂತ್ಕೊಳ್ಳಿ” ಎಂದೆ. ಊಟ ಎಂದದ್ದೇ ತಡ, ಕುರ್ಚಿಗಳು ಖಾಲಿ. ಸಿನಿಮಾ ಏನಾಯಿತೆಂದು ಮತ್ತೆ ಒಬ್ಬನಾದರೂ ಕೇಳಲಿಲ್ಲ, ಪುಣ್ಯಾತ್ಮರು.

ಪ್ರೊಜೆಕ್ಟರನ್ನು ಹಿಂದಕ್ಕೆ ಹೊತ್ತೊಯ್ದು, ಅಡುಗೆಮನೆಯ ಮಸಿ ಹಿಡಿದ ಗೋಡೆಯ ಮೇಲೆ ಸಿನಿಮಾವನ್ನು ಮೊದಲಿಂದ ಹಾಕಿದೆ. ಒಬ್ಬಳು ಬಾಯಿಗೆ ಸೆರಗು ಒತ್ತಿಕೊಂಡು ನಕ್ಕಳು. ಇನ್ನೊಬ್ಬಳು, “ನಾನು ಇಷ್ಟು ಸಣಕಲಾ ಅಮ್ಮಿ?” ಎಂದಳು. ಆಮೇಲೆ ಎಲ್ಲರೂ ಗೋಡೆಯ ಹತ್ತಿರಕ್ಕೆ ಸರಿದರು. ಗೋಡೆಯ ಮೇಲೆ ಅವ್ವನ ಬೆರಳುಗಳು ಎಳೆಗೆ ಎಳೆ ಸೇರಿಸುತ್ತಿದ್ದವು. ಅವ್ವ ಸೌಟು ಹಿಡಿದುಕೊಂಡೇ ನೆಲದ ಮೇಲೆ ಕೂತಳು. ಅವಳು ಹಾಗೆ ಕೆಲಸದ ಮಧ್ಯೆ ಕೂತಿದ್ದನ್ನು ನಾನು ನೋಡಿಯೇ ಇರಲಿಲ್ಲ.

ಊಟದ ಪಂಕ್ತಿಯಿಂದ ಅಪ್ಪನ ದನಿ ಬಂತು. “ಲೇ, ಸಾರೆಲ್ಲಿ? ಎಲೆ ಒಣಗೋಯ್ತಾ ಅದೆ!”

ಇಬ್ಬರು ಏಳಹೋದರು. ಅವ್ವ ಅವರ ಸೆರಗು ಹಿಡಿದು ಜಗ್ಗಿ ಕೂರಿಸಿದಳು. ಗೋಡೆಯಿಂದ ಕಣ್ಣು ತೆಗೆಯದೆ ಕೂಗಿದಳು:

“ಬಂದು ಬಡುಸ್ಕಂಡ್ ಓಗಿ. ನಂಗೆ ಪುರ್ಸೊತ್ತಿಲ್ಲ.”