ಆರನೆಯ ದರ್ಶನ

ಕಳೆದ ಕಾರ್ತಿಕದ ಕೊನೆಯ ಸೋಮವಾರ ಶಿಡ್ಲಘಟ್ಟದ ನಮ್ಮ ಹಳೆಯ ಬೀದಿಯ ಈಶ್ವರನ ಗುಡಿಯಲ್ಲಿ, ಗರ್ಭಗುಡಿಯೊಳಗೆ ಎಲ್‌ಇಡಿ ದೀಪ ಹಾಕಿದರು. ಎಣ್ಣೆ ದೀಪವನ್ನು ಶಾಸ್ತ್ರಕ್ಕೆಂದು ಮೂಲೆಯಲ್ಲಿ ಉಳಿಸಿಕೊಂಡಿದ್ದರು. ಅದರ ಹಿಪ್ಪೆ ಎಣ್ಣೆಯ ಕಮಟು ವಾಸನೆ ಮೂಗಿಗೆ ಬಂದಾಗ, ಅದೇ ಬಾಗಿಲಲ್ಲಿ ನನ್ನ ಕೈ ಹಿಡಿದು ನಿಲ್ಲುತ್ತಿದ್ದ ಅಜ್ಜಿಯ ಒಣ ಅಂಗೈ ನೆನಪಾಯಿತು.

ನಮ್ಮ ಮನೆ ಗುಡಿಯಿಂದ ನಾಲ್ಕು ಬಾಗಿಲು ಆಚೆಗಿತ್ತು. ಹಿಂದಿನ ಬೀದಿಯಲ್ಲಿ ರೇಷ್ಮೆಗೂಡು ಬೇಯಿಸುವ ವಾಸನೆ ಹಗಲೆಲ್ಲ ನಡುಮನೆಯವರೆಗೂ ಬರುತ್ತಿತ್ತು. ತಾತ ಹೈಸ್ಕೂಲಿನಲ್ಲಿ ಸಂಸ್ಕೃತ ಕಲಿಸಿ ನಿವೃತ್ತರಾದವರು. ಸಂಜೆ ಜಗಲಿಯ ಮೇಲೆ ಕೂತು, ಬಂದ ಇಬ್ಬರು ಮೂವರಿಗೆ ಸಾಂಖ್ಯ, ಯೋಗ, ನ್ಯಾಯ, ವೈಶೇಷಿಕ, ಮೀಮಾಂಸೆ, ವೇದಾಂತ ಎಂದು ಬೆರಳು ಮಡಿಸಿ, ದರ್ಶನಗಳು ಆರು ಎನ್ನುತ್ತಿದ್ದರು. ಗುಡಿಗೆ ಮಾತ್ರ ಹೋಗುತ್ತಿರಲಿಲ್ಲ. ಇರುವುದೆಲ್ಲ ಒಂದೇ ಆದ ಮೇಲೆ ನೋಡುವವನು ಯಾರು, ನೋಡಿಸಿಕೊಳ್ಳುವವನು ಯಾರು ಎಂಬುದು ಅವರ ವಾದ. ಅಜ್ಜಿ ವಾದಕ್ಕೆ ನಿಲ್ಲುತ್ತಿರಲಿಲ್ಲ. ದರ್ಶನ ಮಾಡಿಕೊಂಡು ಬರುತ್ತೇನೆ ಎಂದು ಸೆರಗು ಸರಿಮಾಡಿಕೊಂಡು ಹೊರಡುತ್ತಿದ್ದಳು.

ನನಗೆ ಎಂಟು ವರ್ಷವಿದ್ದಾಗ ಅವಳ ಕಣ್ಣು ಮಂಜಾಯಿತು. ಹೋದ ನೋಟ ಮರಳುವುದಿಲ್ಲ, ಉಳಿದದ್ದೂ ಕೆಲವೇ ತಿಂಗಳು ಎಂದು ಚಿಕ್ಕಬಳ್ಳಾಪುರದ ಡಾಕ್ಟರು ಹೇಳಿದರು. ವಾಪಸ್ಸು ಬರುವಾಗ ಅಜ್ಜಿ ಬಸ್ಸಿನ ಕಿಟಕಿಯಿಂದ ಮುಖ ತೆಗೆಯಲಿಲ್ಲ. ತಾತನಿಗೆ ಆರು ದರ್ಶನವೂ ಆಗಿದೆ, ಅಜ್ಜಿಗೆ ಆಗಿರುವುದು ಒಂದೇ ಎಂದುಕೊಂಡೆ. ಕಣ್ಣು ಪೂರ್ತಿ ಹೋಗುವುದರೊಳಗೆ ಉಳಿದ ಐದನ್ನು ಮಾಡಿಸಬೇಕಿತ್ತು. ಭಾನುವಾರ ಅವಳನ್ನು ಹೊರಡಿಸಿ ಆಂಜನೇಯ, ಗಣಪತಿ, ಗಂಗಮ್ಮ, ವೇಣುಗೋಪಾಲ ಎಂದು ಸುತ್ತಿಸಿದೆ. ಹೂವು ಮಾರುವ ಮುನಿಯಮ್ಮ, "ಏನಮ್ಮಣ್ಣಿ, ಅಜ್ಜೀನ ಊರೆಲ್ಲ ಮೆರವಣಿಗೆ ಮಾಡಿಸ್ತಿದ್ದೀಯ?" ಎಂದಳು. ಈಶ್ವರನೂ ಸೇರಿ ಐದಾಯಿತು. ನನಗೆ ಗೊತ್ತಿದ್ದ ಗುಡಿಗಳು ಅಲ್ಲಿಗೆ ಮುಗಿದವು. ಬೀದಿಯಲ್ಲೇ ಅಳು ಬಂತು. ಯಾಕೆಂದು ಕೇಳಿದ ಅಜ್ಜಿಗೆ ಎಲ್ಲ ಹೇಳಿದೆ. ಅವಳು ಸೆರಗನ್ನು ಬಾಯಿಗೆ ಒತ್ತಿಕೊಂಡು ನಕ್ಕಳು. "ನಿಮ್ಮ ತಾತನ ಆರೂ ಜಗಲಿ ಮೇಲೇ ಇದಾವೆ ಕಣೇ."

ಮನೆಗೆ ಬಂದು ಅದನ್ನೇ ಹೇಳಿಕೊಂಡು ಇನ್ನೊಮ್ಮೆ ನಕ್ಕಳು. ತಾತ ನಗಲಿಲ್ಲ. ಮರುದಿನ ಸಂಜೆ ಶಲ್ಯ ಹೊದ್ದು ಬಾಗಿಲಲ್ಲಿ ನಿಂತು, "ನಡಿಯೇ, ನಾನೂ ಬರ್ತೀನಿ" ಎಂದರು. ಗುಡಿಯಲ್ಲಿ ಅಜ್ಜಿ, ಕಾಣುವುದನ್ನೆಲ್ಲ ಹೇಳಬೇಕು, ಒಂದೂ ಬಿಡಬಾರದು ಎಂದಳು. ತಾತ ಪಾಠ ಒಪ್ಪಿಸುವ ಮಕ್ಕಳ ಹಾಗೆ ಹೇಳತೊಡಗಿದರು: ಲಿಂಗಕ್ಕೆ ಬೆಳ್ಳಿಯ ಮುಖವಾಡ ಹಾಕಿದ್ದಾರೆ, ಎಕ್ಕದ ಹಾರ, ಬಿಲ್ವ, ಬಲಗಡೆ ಒಂದು ಹೂವು ಜಾರಿದೆ. ಕಂಡಷ್ಟನ್ನೇ ಹೇಳಿದರು, ಏನನ್ನೂ ಸೇರಿಸಲಿಲ್ಲ. ಆಮೇಲೆ ಒಂದು ಸೋಮವಾರವನ್ನೂ ತಪ್ಪಿಸಲಿಲ್ಲ. ಅಜ್ಜಿಯ ನೋಟ ಪೂರ್ತಿ ಹೋದ ಮೇಲಿನ ಒಂದು ಸೋಮವಾರ ತಾತ ಒಳಗೆ ಬಗ್ಗಿ ನೋಡಿದರು. ಕನ್ನಡಕ ಒರೆಸಿ ಮತ್ತೆ ನೋಡಿದರು. "ಇವತ್ತು ನನಗೂ ಕಾಣಿಸ್ತಿಲ್ಲ ಕಣೇ."

"ಬಿಡಿ," ಎಂದಳು ಅಜ್ಜಿ. "ಇವತ್ತು ಇಬ್ಬರದೂ ಒಂದೇ ಆಯ್ತು."

ನಾನು ಅವರ ಹಿಂದೆ ನಿಂತಿದ್ದೆ, ಒಳಗಿನದು ನನಗೆ ಕಾಣುತ್ತಿರಲಿಲ್ಲ. ದೀಪ ಎಂದಿನಂತೆಯೇ ಉರಿಯುತ್ತಿತ್ತು ಎಂದು ನನ್ನ ನೆನಪು.

ಇಬ್ಬರೂ ಹೋಗಿ ಬಹಳ ವರ್ಷವಾಯಿತು. ಜಗಲಿ ಇದ್ದ ಜಾಗದಲ್ಲಿ ಈಗ ಮೊಬೈಲ್ ಅಂಗಡಿಯ ಷಟರ್ ಇದೆ. ಗುಡಿಯ ಹೊಸ ಬೆಳಕಿನಲ್ಲಿ ಮುಖವಾಡ ಹೊಸ್ತಿಲಾಚೆಯಿಂದಲೇ ಸ್ಪಷ್ಟವಾಗಿ ಕಂಡಿತು. ಅದರ ಎಡಗಣ್ಣು ನೆಗ್ಗಿ, ಅರ್ಧ ಮುಚ್ಚಿದ ಹಾಗಿತ್ತು. ಅರ್ಚಕರನ್ನು ಕೇಳಿದೆ. ಅವರ ತಂದೆ ಪೂಜೆ ಮಾಡುತ್ತಿದ್ದಾಗ ಒಂದು ಸೋಮವಾರ ಕೈಜಾರಿ ಬಿದ್ದದ್ದಂತೆ.

"ಅವತ್ತು ಸಾಯಂಕಾಲ ನಿಮ್ಮ ತಾತ ನೋಡಿ, ನಿಮ್ಮಜ್ಜಿಗೆ ಗೊತ್ತಾಗೋದು ಬೇಡ ಅಂದ್ರಂತೆ. ಆಗಿಂದ ನಮ್ಮಪ್ಪ ಆ ಕಣ್ಣಿನ ಮೇಲೆ ಒಂದು ಹೂವು ಇಡ್ತಿದ್ರು."

ಈಗಲೂ ಇಡುತ್ತಾರೆ. ನಾನು ಹೋದ ಸೋಮವಾರ ಹೂವು ಜಾರಿತ್ತು.